ಅಳಿಸಿಹಾಕಿದ ಸಾಕ್ಷಿ

ಕೋವಿಡ್ ಗಲಾಟೆಯೆಲ್ಲ ಮುಗಿದ ಮರುವರ್ಷ. ಹಿರೋಷಿಮಾದ ಕಾರಿನ ಬಿಡಿಭಾಗಗಳ ಕಾರ್ಖಾನೆಯೊಂದರಲ್ಲಿ ಎಂಜಿನಿಯರ್ ಆಗಿದ್ದ ನನ್ನ ತಮ್ಮ ರಘು ಲೋಹದ ತಗಡು ಒತ್ತುವ ಪ್ರೆಸ್ ಯಂತ್ರಕ್ಕೆ ಸಿಕ್ಕಿ ತೀರಿಕೊಂಡ. ಸುರಕ್ಷತೆಯ ಬಾಗಿಲನ್ನು ಅವನೇ ತೆಗೆದು ಒಳಗೆ ಕೈಹಾಕಿದ, ತಪ್ಪು ಅವನದೇ ಎಂದು ಕಂಪನಿಯವರು ನಡು ಬಗ್ಗಿಸಿ ನಮಸ್ಕರಿಸುತ್ತಲೇ ಹೇಳಿದರು. ಅಷ್ಟು ವಿನಯದ ಸುಳ್ಳನ್ನು ನಾನು ಬೇರೆಲ್ಲೂ ಕೇಳಿಲ್ಲ. ಮೈಸೂರಿನಲ್ಲಿ ಅಮ್ಮ ಅದನ್ನೇ ನಂಬಿ ಕೊರಗಿದರು.

ಆಗ ಪರಿಚಯವಾದವರು ಎಲೆನಾ, ಮೆಕ್ಸಿಕೋದ ಸಾಕ್ಷ್ಯಚಿತ್ರ ನಿರ್ದೇಶಕಿ. ಗಣಿ ಕಾರ್ಮಿಕರು, ಬಟ್ಟೆ ಕಾರ್ಖಾನೆಯ ಹೆಂಗಸರು, ಕಾಣೆಯಾದ ಮಕ್ಕಳನ್ನು ಹುಡುಕುವ ತಾಯಂದಿರು, ಇಂಥವರ ಬೆನ್ನು ಹತ್ತಿಯೇ ಅವರ ಕೂದಲು ನೆರೆತಿತ್ತು. ಈಗ ಜಪಾನಿನಲ್ಲಿ ದುಡಿಯುವ ವಿದೇಶಿಯರ ಬಗ್ಗೆ ಚಿತ್ರ ಮಾಡುತ್ತಿದ್ದರು. ಅವರಿಗೆ ಜಪಾನಿ ಬಾರದು. ಜಪಾನಿನದೇ ಇಚಿಕಾವಾ ಊರಿನಲ್ಲಿ ಹತ್ತು ವರ್ಷದಿಂದ ಇದ್ದ ನನಗೆ ಬರುತ್ತಿತ್ತು. ದುಭಾಷಿಯಾಗಿ ಅವರ ಜೊತೆ ಹೊರಟೆ.

ರಘುವಿನ ಜೊತೆ ಕೆಲಸ ಮಾಡುತ್ತಿದ್ದ ಹೆಂಗಸೊಬ್ಬರು ಕ್ಯಾಮೆರಾ ಮುಂದೆ ಎಲ್ಲ ಹೇಳಿಬಿಟ್ಟರು. ಸಾತೋ ಸಾನ್, ಅಂದರೆ ಸಾತೋ ಅವರು ಎನ್ನೋಣ, ನಿಜವಾದ ಹೆಸರು ಬೇಡ. ಕೆಲಸ ಬೇಗ ಸಾಗಲೆಂದು ಆ ಬಾಗಿಲನ್ನು ಕಳಚಿಸಿದ್ದು ಮೇಲಿನವರು. ಬೇಡವೆಂದು ರಘು ಅವರೊಂದಿಗೆ ಜಗಳವನ್ನೂ ಆಡಿದ್ದ. ಅನುವಾದಿಸುತ್ತಲೇ ನಾನು ಅತ್ತುಬಿಟ್ಟೆ.

ಎಲೆನಾ ಅವರದೊಂದು ಪದ್ಧತಿ. ಮಾತಾಡಿದವರಿಗೇ ಮೊದಲು ಚಿತ್ರ ತೋರಿಸಬೇಕು, ಅವರು ಬೇಡ ಎಂದರೆ ಅವರೆದುರೇ ಅಳಿಸಬೇಕು. ಹಾಗಾಗಿ ಸ್ವಲ್ಪ ದಿನ ಬಿಟ್ಟು ಸಾತೋ ಸಾನ್ ಮನೆಗೆ ಲ್ಯಾಪ್‌ಟಾಪ್ ಹಿಡಿದು ಹೋದೆವು. ಅವರು ಪೂರ್ತಿ ನೋಡಿದರು. "ಇದನ್ನು ತೋರಿಸಬಹುದೇ?" ಎಂದು ಕೇಳಿದೆ. ಉತ್ತರವಿಲ್ಲ. ನಮ್ಮ ಬಟ್ಟಲುಗಳಿಗೆ ಮತ್ತೆ ಚಹಾ ಬಗ್ಗಿಸಿ ತಲೆ ತಗ್ಗಿಸಿ ಕೂತರು. ಅವರ ಗಂಡನ ಕೆಲಸವೂ ಅದೇ ಕಾರ್ಖಾನೆಯಲ್ಲಿತ್ತು.

"ಏನಂತೆ?" ಎಂದರು ಎಲೆನಾ.

"ನಮ್ಮ ಕಡೆ ಮೌನಂ ಸಮ್ಮತಿ ಲಕ್ಷಣಂ ಅಂತಾರೆ. ಸುಮ್ನಿದ್ರೆ ಒಪ್ಪಿದ ಹಾಗೆ" ಎಂದೆ.

"ಅದು ನಿಮ್ಮ ಕಡೆ. ಈ ಊರಲ್ಲಿ?"

ಇಲ್ಲಿಯವರು ಮುಖಕ್ಕೆ ಹೊಡೆದಂತೆ ಇಲ್ಲ ಎನ್ನುವುದಿಲ್ಲ. ಸುಮ್ಮನಾದರೆ ಅದೇ ಇಲ್ಲ. ಹತ್ತು ವರ್ಷ ಇದ್ದವಳಿಗೆ ಅಷ್ಟೂ ಗೊತ್ತಿರುವುದಿಲ್ಲವೇ? ಒಂದು ಸುಳ್ಳು ಹೇಳಿದ್ದರೆ ತಮ್ಮನ ಹೆಸರು ಉಳಿಯುತ್ತಿತ್ತು. ಅದು ನಾಲಿಗೆಯ ತುದಿಗೂ ಬಂದಿತ್ತು. ಸಾತೋ ಸಾನ್ ಕಡೆ ನೋಡಿದೆ, ತುಂಬಿದ್ದ ಬಟ್ಟಲಿಗೇ ಮತ್ತೆ ಚಹಾ ಬಗ್ಗಿಸುತ್ತಿದ್ದರು.

"ಬೇಡ ಅಂತಿದ್ದಾರೆ" ಎಂದೆ.

ಎಲೆನಾ ಅಲ್ಲೇ ಅಳಿಸಿದರು. ಬೇರೆ ಪ್ರತಿ ಇಲ್ಲವೆಂದೂ ನನ್ನಿಂದಲೇ ಹೇಳಿಸಿದರು. ಸಾತೋ ಸಾನ್ ಚಾಪೆಗೆ ಹಣೆ ಮುಟ್ಟಿಸಿ ನನಗೆ "ಸುಮಿಮಾಸೆನ್, ಸುಮಿಮಾಸೆನ್" ಎಂದು ಕ್ಷಮೆ ಕೇಳಿದರು.

ಸ್ಟೇಷನ್ನಿನಲ್ಲಿ ನಾನು ಎಲೆನಾ ಮೇಲೆ ರೇಗಿಬಿಟ್ಟೆ. "ಇಷ್ಟು ವರ್ಷ ಇದನ್ನೇ ಮಾಡಿದ್ರಾ? ಸತ್ತವರಿಗೆ ನ್ಯಾಯ ಬೇಡ್ವಾ?"

"ನನ್ನ ಮೊದಲನೇ ಚಿತ್ರದಲ್ಲಿ ಒಬ್ಬ ಗಣಿ ಕಾರ್ಮಿಕ ಧೈರ್ಯವಾಗಿ ಮಾತಾಡಿದ್ದ. ನನಗೆ ಪ್ರಶಸ್ತಿ ಬಂತು. ಅವನ ಹೆಣ ಕೂಡ ಸಿಗಲಿಲ್ಲ" ಎಂದರು.

ಚಿತ್ರ ಬಿಡುಗಡೆಯಾಯಿತು. ಅದರಲ್ಲಿ ರಘು ಇಲ್ಲ. ಕಂಪನಿಯ ಮಾತೇ ಗೆದ್ದಿತು. ಎಲೆನಾ ಮಾಡಿದ್ದು ಸರಿ ಎಂದು ನನಗೆ ಗೊತ್ತು, ಆದರೂ ಅವರ ಮೇಲಿನ ಸಿಟ್ಟು ಇಳಿದಿಲ್ಲ. ಒಳ್ಳೆಯದು ಮಾಡಿದರೆ ಮನಸ್ಸು ಹಗುರಾಗುತ್ತದೆ ಎನ್ನುವವರನ್ನು ಕಂಡರೆ ನನಗೀಗ ಮೈಯೆಲ್ಲ ಉರಿಯುತ್ತದೆ.

ಕಳೆದ ಸಲ ಮೈಸೂರಿಗೆ ಹೋದಾಗ ಅಮ್ಮನ ಪಕ್ಕ ಮಲಗಿ, "ತಪ್ಪು ರಘುದಲ್ಲಮ್ಮ. ಅವನು ಬೇಡ ಅಂತ ಜಗಳ ಆಡಿದ್ದ" ಎಂದೆ.

ಅಮ್ಮ ಎದ್ದು ಕೂತರು. "ಯಾರೇ ಹೇಳಿದ್ದು? ಅವರ ಹತ್ರ ಒಂದ್ಸಲ ನನ್ನನ್ನ ಮಾತಾಡ್ಸು."

ಚಾಪೆಗೆ ಹಣೆ ಮುಟ್ಟಿಸಿದ ಸಾತೋ ಸಾನ್ ನೆನಪಾದರು. ನಾನು ಸುಮ್ಮನಿದ್ದೆ.

"ನನ್ನ ಸಮಾಧಾನಕ್ಕೆ ಹೇಳ್ತಿದ್ದೀಯ, ಬಿಡು" ಎಂದು ಅಮ್ಮ ಆ ಕಡೆ ತಿರುಗಿ ಮಲಗಿದರು.