ಅಣ್ಣನಿಗೊಂದು ಕೈಹೆಸರು

ನಮ್ಮ ಮನೆಯಲ್ಲಿ ಎಲ್ಲರಿಗೂ ಎರಡೆರಡು ಹೆಸರು. ಒಂದು ಬಾಯಲ್ಲಿ ಕರೆಯುವುದು, ಇನ್ನೊಂದು ಅಣ್ಣ ಕೈಯಲ್ಲಿ ಕರೆಯುವುದು. ಅಣ್ಣನಿಗೆ ಹುಟ್ಟಿದಾಗಿನಿಂದ ಕಿವಿ ಕೇಳುವುದಿಲ್ಲ, ಹಾಗಾಗಿ ಬಾಯಿಯ ಹೆಸರು ಕಟ್ಟಿಕೊಂಡು ಅವನಿಗೇನೂ ಆಗಬೇಕಾಗಿರಲಿಲ್ಲ. ಯಾರನ್ನಾದರೂ ನಾಲ್ಕು ದಿನ ಗಮನಿಸಿ, ಅವರು ತಮಗೇ ಗೊತ್ತಿಲ್ಲದೆ ಮತ್ತೆ ಮತ್ತೆ ಮಾಡುವ ಒಂದು ಕೆಲಸವನ್ನು ಹಿಡಿದು ಅದನ್ನೇ ಹೆಸರು ಮಾಡಿಬಿಡುತ್ತಿದ್ದ. ಒದ್ದೆ ಕೈಯನ್ನು ಹಿಂದೆ ಮುಂದೆ ಒರೆಸಿದರೆ ಅಮ್ಮ. ಮೂಗಿನಿಂದ ಜಾರಿದ ಕನ್ನಡಕವನ್ನು ಬೆರಳಲ್ಲಿ ಮೇಲೆ ತಳ್ಳಿದರೆ ಸೋದರಮಾವ. ಐದೂ ಬೆರಳು ಕೂಡಿಸಿ ಬಾತುಕೋಳಿಯ ಕೊಕ್ಕಿನ ಹಾಗೆ ಪಟಪಟ ತೆರೆದು ಮುಚ್ಚಿದರೆ ನಾನು. ಇದು ಅನ್ಯಾಯ ಎಂದು ಚಿಕ್ಕವಳಿದ್ದಾಗ ಅವನ ಜೊತೆ ಎಷ್ಟೋ ಸಲ ಜಗಳಕ್ಕೆ ಬಿದ್ದಿದ್ದೇನೆ. ಜಗಳವಾಡುವಾಗಲೂ ನನ್ನ ಬಾಯಿ ಹಾಗೇ ಬಡಿದುಕೊಳ್ಳುತ್ತಿದ್ದುದರಿಂದ ಹೆಸರು ಖಾಯಂ ಆಯಿತು.

ಅಪ್ಪ ತೀರಿಕೊಂಡ ಮೇಲೆ ಅಣ್ಣ ಸಾಮಿಲ್ಲಿಗೆ ಸೇರಿದ. ಮರ ಕೊಯ್ಯುವ ಗರಗಸ ಶುರುವಾಯಿತೆಂದರೆ ಅಲ್ಲಿ ಯಾರ ಮಾತೂ ಯಾರಿಗೂ ಕೇಳುವುದಿಲ್ಲ. ಅವನು ಬರುವ ತನಕ ಅಲ್ಲಿನವರು ಒಬ್ಬರ ಕಿವಿಯಲ್ಲೊಬ್ಬರು ಕಿರುಚಿ ಗಂಟಲು ಹರಿದುಕೊಳ್ಳುತ್ತಿದ್ದರಂತೆ. ಇವನು ಹೋದ ಮೇಲೆ ಹಲಗೆ ಎತ್ತುವವರಿಂದ ಹಿಡಿದು ಲಾರಿಗೆ ತುಂಬುವವರ ತನಕ ಎಲ್ಲರೂ ಇವನ ಕೈಮಾತು ಕಲಿತುಬಿಟ್ಟರು. ಮಿಲ್ಲಿನ ಯಜಮಾನರ ಕೈಹೆಸರು ಹೊಟ್ಟೆ ಸವರುವುದು. ಹುಡುಗರು ಹೊಟ್ಟೆ ಸವರುತ್ತಾ ತಮ್ಮ ಬಗ್ಗೆ ಆಡಿಕೊಳ್ಳುತ್ತಿದ್ದಾರೆ ಎಂದು ಆ ಪುಣ್ಯಾತ್ಮರಿಗೆ ಇವತ್ತಿಗೂ ಗೊತ್ತಿಲ್ಲ. ಪಾಪ, ಹಸಿವಾಗಿದೆ ಅಂದುಕೊಂಡು ಬೇಗ ಚಹಾ ತರಿಸುತ್ತಾರೆ.

ಸಂಜೆ ಮನೆಗೆ ಬಂದರೆ ಅಣ್ಣನ ತಲೆ, ಕಾಲರು, ಹುಬ್ಬು ಎಲ್ಲ ಮರದ ಹೊಟ್ಟು. ಕೈಯೂ ಕೊಳೆಯಾಗಿರುವುದರಿಂದ ಮಣಿಕಟ್ಟಿನ ಹಿಂಬದಿಯಿಂದ ಹುಬ್ಬನ್ನು ಒರೆಸಿಕೊಳ್ಳುವನು. ನೆಲ ಗಲೀಜಾಯಿತು ಎಂದು ಅಮ್ಮ ಗೊಣಗುವಳು. ಅವನಿಗೆ ಕೇಳುವುದಿಲ್ಲ ಎಂಬುದು ಅಮ್ಮನಿಗೆ ಗೊಣಗಲು ಎಂದೂ ಅಡ್ಡಿಯಾಗಿಲ್ಲ.

ಅಣ್ಣನಿಗೆ ಮದುವೆಯಾಗಬೇಕು ಎಂಬ ಆಸೆ ಇತ್ತು. ಅದನ್ನು ಅವನು ಮುಚ್ಚಿಟ್ಟುಕೊಂಡವನಲ್ಲ. ಹಜಾರಕ್ಕೂ ಹಿಂಬದಿಯ ಕೋಣೆಗೂ ತಾನೇ ಹೊಸ ಕಿಟಕಿ ಕೂರಿಸಿ, ಇಬ್ಬರು ಕೂರುವಷ್ಟು ಅಗಲದ ಬೆಂಚು ಮಾಡಿಟ್ಟು, ಇನ್ನೊಬ್ಬರು ಯಾವಾಗ ಬರುತ್ತಾರೆ ಎಂದು ನನ್ನನ್ನು ಕೇಳುತ್ತಿದ್ದ. ಎರಡು ಸಂಬಂಧ ಬಂದವು. ಎರಡೂ ಸಲ ಅಮ್ಮ ಫೋನಿನಲ್ಲಿ ಇದ್ದದ್ದನ್ನು ಇದ್ದ ಹಾಗೆ ಹೇಳಿದಳು. ಒಬ್ಬರು ಬೇಜಾರು ಮಾಡಿಕೊಳ್ಳಬೇಡಿ ಎಂದು ಫೋನಿಟ್ಟರು, ಇನ್ನೊಬ್ಬರು ಅಷ್ಟೂ ಹೇಳಲಿಲ್ಲ. ಇಬ್ಬರೂ ಅವನ ಮುಖ ನೋಡಲೂ ಬರಲಿಲ್ಲ ಎಂದು ನೆನೆದರೆ ನನಗೆ ಈಗಲೂ ಮೈ ಉರಿಯುತ್ತದೆ.

ಮೂರನೆಯದಕ್ಕೆ ಸೋದರಮಾವ ತಾನೇ ಮುಂದೆ ನಿಂತ. ಹುಡುಗಿ ಸಿಟಿ ಬಸ್ಸಿನಲ್ಲಿ ಕಂಡಕ್ಟರು. ತಂದೆ ಶಾಲೆಯಲ್ಲಿ ಡ್ರಿಲ್ ಮಾಸ್ತರಾಗಿದ್ದು ನಿವೃತ್ತರಾದವರು. ತಾನು ಬದುಕಬೇಕಾದ ಮನೆಯನ್ನು ತಾನೇ ನೋಡಬೇಕೆಂದು ಹುಡುಗಿ ಹಟ ಹಿಡಿದದ್ದರಿಂದ ಅವರೇ ನಮ್ಮಲ್ಲಿಗೆ ಬರುವುದೆಂದಾಯಿತು. ಇದನ್ನು ಕೇಳಿಯೇ ನನಗೆ ಆ ಹುಡುಗಿಯ ಮೇಲೆ ಪ್ರೀತಿ ಬಂದುಬಿಟ್ಟಿತ್ತು. ಅವರು ಬರುವ ದಿನ ಬೆಳಿಗ್ಗೆಯಿಂದ ನಾನು ನೆಲದ ಮೇಲೆ ನಿಂತಿರಲಿಲ್ಲ. ಔಷಧಿ ಅಂಗಡಿಯ ಕೆಲಸಕ್ಕೆ ರಜೆ ಹಾಕಿ, ಇದ್ದ ಪರದೆಗಳನ್ನೆಲ್ಲ ಒಗೆದು, ಅಣ್ಣನ ಅಂಗಿಯನ್ನು ಎರಡೆರಡು ಸಲ ಇಸ್ತ್ರಿ ಮಾಡಿದ್ದೆ.

ಅವರು ಬರಲು ಇನ್ನೇನು ಸ್ವಲ್ಪ ಹೊತ್ತಿದೆ ಎನ್ನುವಾಗ ಮಾವ ನನ್ನನ್ನು ಅಡುಗೆಮನೆಗೆ ಕರೆದು ಗುಟ್ಟು ಬಿಚ್ಚಿದ. ಅಣ್ಣನ ಕಿವಿಯ ವಿಷಯ ಆ ಕಡೆಯವರಿಗೆ ಹೇಳಿಯೇ ಇಲ್ಲವಂತೆ. ಹುಡುಗನನ್ನು ಮೊದಲು ನೋಡಲಿ, ಮನಸ್ಸಿಗೆ ಬರಲಿ, ಆಮೇಲೆ ನಿಧಾನಕ್ಕೆ ಹೇಳಿದರಾಯಿತಂತೆ. ಇವತ್ತಿಗೆ ಅವನು ಮಾತು ಕಡಿಮೆ ಇರುವ ಗಂಭೀರ ಹುಡುಗ. ಮಾವ ಕನ್ನಡಕ ಮುಟ್ಟಿದರೆ ಹೌದೆಂದು ತಲೆಯಾಡಿಸಬೇಕು, ಗಡಿಯಾರ ಮುಟ್ಟಿದರೆ ಇಲ್ಲವೆನ್ನಬೇಕು. ಅಣ್ಣನಿಗೆ ಹೇಳಿದ್ದೇ ಬೇರೆ: ಅವರಿಗೆಲ್ಲ ಗೊತ್ತಿದೆ, ನಾಲ್ಕು ಜನ ಒಟ್ಟಿಗೆ ಮಾತಾಡಿದರೆ ನಿನಗೆ ಕಷ್ಟವಾಗುತ್ತದಲ್ಲ, ಅದಕ್ಕೇ ಈ ಸಹಾಯ. ಅಣ್ಣ ಖುಷಿಯಿಂದ ಒಪ್ಪಿಕೊಂಡಿದ್ದ.

ನನಗೆ ಕೋಪ ನೆತ್ತಿಗೇರಿತು. ಸುಳ್ಳಿನ ಕೋಪ ಒಂದು, ದಡ್ಡತನದ ಕೋಪ ಇನ್ನೊಂದು. ಕನ್ನಡಕ ಮುಟ್ಟಿಕೊಳ್ಳುವುದು ಮಾವನಿಗೆ ಉಸಿರಾಟದ ಹಾಗೆ. ಅದು ಅವನ ಕೈಹೆಸರಾದದ್ದೇ ಆ ಕಾರಣಕ್ಕೆ. ಆದರೆ ತನ್ನ ಕೈಹೆಸರೇನು ಎಂದು ಮಾವ ಯಾವತ್ತೂ ಕೇಳಿದವನಲ್ಲ. ನಾನು ಹೇಳಲು ಬಾಯಿ ತೆರೆಯುವಷ್ಟರಲ್ಲಿ ಅಮ್ಮ ನನ್ನ ಕೈ ಹಿಡಿದುಕೊಂಡಳು. “ಒಂದೇ ಒಂದ್ಸಲ ಸುಮ್ನಿರೇ. ಅವರು ಅವನ ಮುಖನಾದ್ರೂ ನೋಡ್ಲಿ” ಎಂದಳು. ಅಷ್ಟರಲ್ಲಿ ಬಾಗಿಲು ತಟ್ಟಿದ ಸದ್ದಾಯಿತು.

ಮಾಸ್ತರು ಎಂದರೆ ಮಾಸ್ತರೇ. ಕುರ್ಚಿ ಕೊಟ್ಟರೂ ಕೂರದೆ, ಕೈ ಹಿಂದೆ ಕಟ್ಟಿಕೊಂಡು ಕಿಟಕಿಯ ಬಳಿ ನಿಂತರು. ಅವರ ದನಿ ಮೈದಾನಕ್ಕೆಂದೇ ತಯಾರಾದದ್ದು, ನಮ್ಮ ಪುಟ್ಟ ಹಜಾರದಲ್ಲಿ ಲೋಟಗಳು ಅದುರಿದವು. ಹುಡುಗಿ ಬಂದವಳೇ ಮನೆಯನ್ನೆಲ್ಲ ಒಂದು ಸುತ್ತು ಕಣ್ಣಲ್ಲೇ ಅಳೆದು, ಅಣ್ಣನ ಎದುರಿನ ಕುರ್ಚಿಯಲ್ಲಿ ಕೂತಳು. ಬಿಸಿಲಿಗೆ ಕಂದಿದ ಮುಖ, ಕೂಗಿ ಕೂಗಿ ಒಡೆದ ದನಿ. ಅಣ್ಣ ಅವಳನ್ನು ನೋಡಿದ. ಗಾಬರಿಗೆ, ಹೊಟ್ಟು ಇಲ್ಲದಿದ್ದರೂ, ಮಣಿಕಟ್ಟಿನಿಂದ ಹುಬ್ಬು ಒರೆಸಿಕೊಂಡ.

ಮಾಸ್ತರು ಕಿಟಕಿಯಾಚೆ ನೋಡುತ್ತಲೇ ಪ್ರಶ್ನೆ ಕೇಳುವುದು, ಉತ್ತರಕ್ಕೆ ಮಾತ್ರ ಸರ್ರನೆ ತಿರುಗುವುದು. ಕೆಲಸ ಖಾಯಮ್ಮೇ ಎಂದು ಕೇಳಿದರು. ಮಾವ ಕನ್ನಡಕ ಮುಟ್ಟಿದ, ಅಣ್ಣ ತಲೆಯಾಡಿಸಿದ. ಈ ಕಿಟಕಿ ನೀವೇ ಮಾಡಿದ್ದೇ ಎಂದು ಕೇಳಿದರು. ಅದೂ ಸರಿಹೋಯಿತು. ಮಾವ ನನ್ನ ಕಡೆ ನೋಡಿ ಹುಬ್ಬು ಹಾರಿಸಿದ, ಹೇಗೆ ಎನ್ನುವಂತೆ.

ಮೂರನೆಯ ಪ್ರಶ್ನೆ ಕುಡಿಯುವ ಚಟ ಇದೆಯೇ ಎಂಬುದು. ಮಾವನ ಕೈ ಗಡಿಯಾರದ ಕಡೆ ಹೊರಟದ್ದೇನೋ ನಿಜ. ಆದರೆ ಬೆವರಿಗೆ ಕನ್ನಡಕ ಮೂಗಿನ ತುದಿಗೆ ಜಾರಿತು, ಕೈ ದಾರಿಯಲ್ಲೇ ತಿರುಗಿ ಅದನ್ನು ಮೇಲೆ ತಳ್ಳಿತು. ಅಣ್ಣ ಮುಗುಳ್ನಗುತ್ತಾ ಹೌದೆಂದ.

ಮಾವ ಹೆ ಹೆ ಎಂದು ನಕ್ಕು, ಹುಡುಗ ಸ್ವಲ್ಪ ತಮಾಷೆ ಸ್ವಭಾವದವನು ಎಂದ. ಮಾಸ್ತರು ಮತ್ತೆ ಕಿಟಕಿಗೆ ತಿರುಗಿ, ಇನ್ನೂ ಗಟ್ಟಿಯಾಗಿ, ಜೂಜು ಗೀಜು ಏನಾದರೂ ಎಂದರು. ಮಾವನ ಬೆವರು ಹೆಚ್ಚಾಯಿತು, ಕನ್ನಡಕ ಮತ್ತೆ ಜಾರಿತು. ಅಣ್ಣ ಈ ಸಲ ಇನ್ನೂ ವಿನಯದಿಂದ ತಲೆಯಾಡಿಸಿದ. ಮಾಸ್ತರಿಗೆ ರೇಗಿತು. ಹಾಗಾದರೆ ಮೊದಲೇ ಒಂದು ಮದುವೆಯೂ ಆಗಿರಬೇಕು ಎಂದರು. ಮಾವ ಎರಡೂ ಕೈಯಲ್ಲಿ ಕನ್ನಡಕ ಹಿಡಿದುಕೊಂಡ. ಅಣ್ಣ ಎರಡು ಸಲ ಹೌದೆಂದ.

ಅಮ್ಮನ ಕೈಯಿಂದ ಬಿಸ್ಕತ್ತಿನ ತಟ್ಟೆ ಬಿತ್ತು. ಅಳಬೇಕೋ ನಗಬೇಕೋ ತಿಳಿಯದೆ ನಾನು ತುಟಿ ಕಚ್ಚಿ ನಿಂತೆ. ಆಗಲೇ ಅಣ್ಣ ಎಲ್ಲರ ಮುಖವನ್ನೂ ಒಂದೊಂದಾಗಿ ನೋಡಿದ. ಕೊನೆಗೆ ಮಾಸ್ತರ ಬೆನ್ನು ನೋಡಿದ, ಬಹಳ ಹೊತ್ತು ನೋಡಿದ. ಆಮೇಲೆ ಕೈಯನ್ನು ಮಡಿಲಲ್ಲಿಟ್ಟುಕೊಂಡೇ, ಬೆರಳ ಕೊಕ್ಕು ಪಟಪಟ ಆಡಿಸಿ ನನ್ನನ್ನು ಕರೆದು ಕೇಳಿದ: ಇವರು ನನಗೆ ಬೆನ್ನು ಹಾಕಿ ಮಾತಾಡುತ್ತಿದ್ದಾರೆ. ನನ್ನ ವಿಷಯ ಇವರಿಗೆ ಗೊತ್ತಿದೆಯಾ?

ಅವನಿಗೆ ನಾನು ಇಲ್ಲಿಯವರೆಗೂ ಸುಳ್ಳು ಹೇಳಿದವಳಲ್ಲ. ಇಲ್ಲ ಎಂದೆ. ಮಾವ ಏನು ಮಾಡಿದನೆಂದೂ, ಅವನು ಈಗ ತಾನೇ ಏನೇನು ಒಪ್ಪಿಕೊಂಡನೆಂದೂ ಕೈಯಲ್ಲೇ ಪಟಪಟ ಹೇಳಿಬಿಟ್ಟೆ.

ಅಣ್ಣ ಎದ್ದು ನಿಂತ. ಹುಡುಗಿಯ ಕಡೆ ತಿರುಗಿ ಕೈಮಾತು ಶುರು ಮಾಡಿದ. ಅದನ್ನು ಬಾಯಿಗೆ ತರಬೇಕಾದವಳು ನಾನು. ಮಾವ ನನ್ನ ಪಕ್ಕಕ್ಕೆ ಬಂದು, “ಗಂಟಲು ಕಟ್ಟಿದೆ ಅಂತ ಹೇಳು, ನಿನ್ನ ದಮ್ಮಯ್ಯ” ಎಂದು ಪಿಸುಗುಟ್ಟಿದ. ಅಮ್ಮ ನನ್ನನ್ನೇ ನೋಡುತ್ತಿದ್ದಳು. ಹೇಳಿದರೆ ಈ ಸಂಬಂಧವೂ ಹೋಯಿತು. ಹೇಳದಿದ್ದರೆ ಅಣ್ಣನಿಗೆ ಇನ್ನು ಬಾಯಿಯೇ ಇಲ್ಲ. ಬಾತುಕೋಳಿಯ ಕೊಕ್ಕು ಇದ್ದದ್ದಕ್ಕೆ ಇವತ್ತಾದರೂ ಸಾರ್ಥಕವಾಗಲಿ ಎಂದುಕೊಂಡು ಗಟ್ಟಿಯಾಗಿ ಹೇಳಿದೆ.

“ನನ್ನಣ್ಣ ಹೇಳ್ತಿರೋದು ಇದು. ನಂಗೆ ಕಿವಿ ಕೇಳಲ್ಲ, ಹುಟ್ಟಿದಾಗಿಂದ. ನಿಮಗೆ ಗೊತ್ತಿದೆ ಅಂತ ಅಂದ್ಕೊಂಡಿದ್ದೆ. ಗೊತ್ತಿಲ್ಲ ಅಂದಿದ್ರೆ ಈ ಕುರ್ಚೀಲಿ ಕೂರ್ತಾನೇ ಇರ್ಲಿಲ್ಲ. ನಾನು ಕುಡಿಯಲ್ಲ, ಜೂಜಾಡಲ್ಲ, ಮದುವೇನೂ ಆಗಿಲ್ಲ. ಆಗ್ಬೇಕು ಅಂತ ತುಂಬಾ ಆಸೆ ಇದೆ, ಆದ್ರೆ ಹೀಗಲ್ಲ. ನಿಮ್ಮ ದಿನ ಹಾಳಾಯ್ತು, ಕ್ಷಮಿಸಿ.”

ಮಾಸ್ತರು ಬಾಗಿಲಿಗೆ ಹೋಗಿ ಚಪ್ಪಲಿ ಮೆಟ್ಟಿದರು. ಮಗಳಿಗೆ ಏಳು ಎಂದರು. ಅವಳು ಏಳಲಿಲ್ಲ. ಬಲಗೈ ಎತ್ತಿ ಅಂಗೈಯನ್ನು ತಂದೆಗೆ ತೋರಿಸಿದಳು, ಬಸ್ಸು ನಿಲ್ಲಿಸುವ ಹಾಗೆ. ಡ್ರಿಲ್ ಮಾಸ್ತರು ನಿಂತರು. ಅಣ್ಣನೂ ಅದನ್ನು ನೋಡಿ ಮೆಲ್ಲಗೆ ಕುರ್ಚಿಯಲ್ಲಿ ಕೂತ. ನಾನು ನಡುವೆ ಬಾಯಿ ಹಾಕದೆಯೇ ಹೊರಗಿನವರೊಬ್ಬರ ಮಾತು ನಮ್ಮ ಹಜಾರದಲ್ಲಿ ಅವನಿಗೆ ತಲುಪಿದ್ದು ಅದೇ ಮೊದಲು. ನನಗೆ ಒಂಥರಾ ಕೆಲಸ ಕಳೆದುಕೊಂಡಂತಾಯಿತು, ಕುಣಿಯುವಷ್ಟು ಸಂತೋಷವೂ ಆಯಿತು.

ದಿನವಿಡೀ ಕೂಗಿ ಕೂಗಿ ಸಾಕಾಗಿದೆ, ಬಸ್ಸಿನಲ್ಲಿ ಡ್ರೈವರಿಗೂ ತನಗೂ ಅರ್ಧ ಮಾತು ಕೈಯಲ್ಲೇ ನಡೆಯುವುದು ಎಂದು ಅವಳು ಅಣ್ಣನ ಮುಖ ನೋಡಿಯೇ ಹೇಳಿದಳು. ನಾನು ಕೈಗೆ ತಿರುಗಿಸಿದೆ. ಆಮೇಲೆ, ಸ್ವಲ್ಪ ಹೊತ್ತಿನ ಮೊದಲು ನಿಮ್ಮಣ್ಣ ನಿಮ್ಮನ್ನು ಕರೆಯಲು ಬೆರಳು ಹೀಗೆ ಮಾಡಿದರಲ್ಲ, ಅದೇನು ಎಂದು ಕೇಳಿದಳು. ಕಣ್ಣು ಅಂದರೆ ಕಣ್ಣು! ನಾನು ಉತ್ಸಾಹ ತಡೆಯಲಾರದೆ ಕೈಹೆಸರುಗಳ ಪುರಾಣವನ್ನೆಲ್ಲ ಬಿಚ್ಚಿದೆ. ಅಮ್ಮನದು, ನನ್ನದು, ಹೊಟ್ಟೆ ಸವರುವ ಯಜಮಾನರದು. ಮಾವನ ಹೆಸರು ತೋರಿಸಿದಾಗ ಮಾವ, “ನಾನೆಲ್ಲಿ ಹಾಗ್ಮಾಡ್ತೀನಿ?” ಎನ್ನುತ್ತಾ ಕನ್ನಡಕ ಮೇಲೆ ತಳ್ಳಿಕೊಂಡ. ಬಾಗಿಲಲ್ಲಿದ್ದ ಮಾಸ್ತರ ಭುಜ ಕುಲುಕಿತು. ಹುಡುಗಿಯಂತೂ ಹೊಟ್ಟೆ ಹಿಡಿದುಕೊಂಡು ನಕ್ಕಳು.

ನಗು ನಿಂತ ಮೇಲೆ ಕೇಳಿದಳು, “ಇವರದ್ದೇನು ಹೆಸರು?”

ನಾನು ಕೈ ಎತ್ತಿದೆ. ಎತ್ತಿದ ಕೈ ಹಾಗೇ ನಿಂತಿತು. ಅಣ್ಣನಿಗೆ ಕೈಹೆಸರು ಇರಲಿಲ್ಲ. ಅವನ ಜೊತೆ ಮಾತಾಡುವಾಗ ಹೆಸರು ಬೇಕಾಗುತ್ತಿರಲಿಲ್ಲ, ಭುಜ ಮುಟ್ಟಿದರೆ ಸಾಕು. ಅವನ ಬಗ್ಗೆ ಮಾತಾಡುವಾಗ ನಾವು ಬಾಯಿಯಲ್ಲೇ ಆಡಿಕೊಳ್ಳುತ್ತಿದ್ದೆವು, ಅವನ ಊಟ, ಅವನ ಜ್ವರ, ಅವನ ಮದುವೆ, ಎಲ್ಲವನ್ನೂ, ಅವನು ಎದುರಿಗೆ ಕೂತಿರುವಾಗಲೇ. ಊರಿಗೆಲ್ಲ ಹೆಸರಿಟ್ಟವನಿಗೆ ಒಂದು ಹೆಸರಿಡಲು ನಮ್ಮಲ್ಲಿ ಯಾರಿಗೂ ಹೊಳೆದಿರಲಿಲ್ಲ. ಅವನಿಗೆ ಹೆಸರಿಲ್ಲ ಎಂದು ಕೈ ಇಳಿಸಿದೆ.

ಹುಡುಗಿ ಅಣ್ಣನನ್ನು ಒಂದು ಗಳಿಗೆ ನೋಡಿದಳು. ಆಮೇಲೆ ತನ್ನ ಮಣಿಕಟ್ಟಿನ ಹಿಂಬದಿಯಿಂದ ತನ್ನ ಹುಬ್ಬನ್ನು ಒರೆಸಿ, ಅವನ ಕಡೆ ಬೆರಳು ತೋರಿಸಿದಳು.

ಅದೇನೆಂದು ಅಣ್ಣನಿಗೆ ಗೊತ್ತಾಗಲಿಲ್ಲ. ಗೊತ್ತಾಗುವುದು ಹೇಗೆ, ತಾನು ಹಾಗೆ ಮಾಡುತ್ತೇನೆಂದು ಅವನಿಗೇ ತಿಳಿದಿರಲಿಲ್ಲ. ಇಲ್ಲವೆನ್ನಲು ಹೊರಟ, ಗಾಬರಿಯಲ್ಲಿ ಕೈ ತಾನಾಗಿ ಹುಬ್ಬಿಗೆ ಹೋಯಿತು, ಅಲ್ಲೇ ನಿಂತಿತು. ಮಾವ ಎಲ್ಲರಿಗಿಂತ ಜೋರಾಗಿ ನಕ್ಕ. ಅಣ್ಣನ ಕಣ್ಣು ತುಂಬಿತು, ಮುಖವೆಲ್ಲ ನಗುವಾಯಿತು.

ಹುಡುಗಿ ನಡುವಿನ ಮೇಜಿಗೆ ಎರಡು ಸಲ ಬಡಿದಳು. ಕಂಡಕ್ಟರು ಬಸ್ಸಿನ ಮೈಗೆ ಹಾಗೆ ಬಡಿದರೆ ಮುಂದೆ ಹೋಗೋಣ ಎಂದು ಅರ್ಥ. ಮೇಜಿನ ಮೇಲೆ ಅಂಗೈ ಇಟ್ಟಿದ್ದ ಅಣ್ಣನಿಗೆ ಅದು ಕೈಗೇ ಕೇಳಿಸಿತು. ನನ್ನ ಮುಖ ನೋಡದೆ ಅವನೂ ಎರಡು ಸಲ ಬಡಿದ.

ಮಾಸ್ತರು ಚಪ್ಪಲಿ ಬಿಟ್ಟು ಒಳಗೆ ಬಂದು, ಅಣ್ಣನ ನೇರ ಎದುರಿಗೆ ನಿಂತುಕೊಂಡರು. “ಬರೋ ಭಾನುವಾರ ನೀವು ನಮ್ಮನೆಗೆ ಬನ್ನಿ. ಪ್ರಶ್ನೆಗಳನ್ನೆಲ್ಲ ಮೊದಲಿಂದ ಕೇಳ್ತೀನಿ, ಮುಖ ನೋಡಿ ಕೇಳ್ತೀನಿ” ಎಂದರು. ಮಾವನ ಕಡೆ ತಿರುಗಿ, ಕನ್ನಡಕ ಮನೆಯಲ್ಲೇ ಬಿಟ್ಟು ಬನ್ನಿ ಎಂದೂ ಸೇರಿಸಿದರು.

ಅವರು ಹೋದ ಮೇಲೆ ನಾನು, ಮಾವ ಒಬ್ಬರ ಮೇಲೊಬ್ಬರು ಬಿದ್ದು ಮಾತಾಡಿದೆವು. ಲೋಟಗಳನ್ನು ಎತ್ತುತ್ತಿದ್ದ ಅಮ್ಮ ಅಣ್ಣನ ಲೋಟದ ಬಳಿ ನಿಂತಳು. ಅದು ತುಂಬಿದ ಹಾಗೇ ಇತ್ತು. ನನ್ನ ಕಡೆ ತಿರುಗಿದಳು, ಎಂದಿನಂತೆ ಬಾಯಿ ತೆರೆದಳು, ಮುಚ್ಚಿದಳು. ಲೋಟ ಕೆಳಗಿಟ್ಟು, ಒದ್ದೆ ಕೈಯನ್ನು ಒರೆಸಿಕೊಂಡು, ಮಣಿಕಟ್ಟನ್ನು ಹುಬ್ಬಿಗೆ ಒಯ್ದಳು. ಆಮೇಲೆ ಹೆಬ್ಬೆರಳನ್ನು ತುಟಿಯ ಕಡೆ ಬಾಗಿಸಿದಳು. ಇವನು ಚಹಾ ಕುಡಿಯಲೇ ಇಲ್ಲವಾ?

ಪ್ರಶ್ನೆ ನನಗೆ. ಉತ್ತರ ಕೊಟ್ಟದ್ದು ಅಣ್ಣ: ತಣ್ಣಗಾಗಿದೆ ಅಮ್ಮ, ಬೇರೆ ಮಾಡಿಕೊಡು.