ಅಕ್ಕ ಬೆಳೆಸಿದ ಕಣ್ಣುಹರಳು

ನಮ್ಮ ಬೀದಿಯಲ್ಲಿ ಏಳು ವರ್ಷ ಯಾರೂ ಸೀನಲಿಲ್ಲ. ಸುಳ್ಳಲ್ಲ. ಮೂಗು ತುರಿಸಿದವರು ಓಡಿ ಸೇತುವೆ ದಾಟಿ, ಆಚೆ ದಡದಲ್ಲಿ ಸೀನಿ ಬರುತ್ತಿದ್ದರು. ಹಾಗೆ ಹೋದ ಕೆಲವರು ಅಲ್ಲೇ ಮದುವೆಯಾಗಿ ಉಳಿದೂಬಿಟ್ಟರು. ಇದಕ್ಕೆಲ್ಲ ಕಾರಣ ನನ್ನ ಅಕ್ಕ, ಅವಳ ಹಿಂಬದಿ ಕೋಣೆಯ ಕಲ್ಲಿನ ತೊಟ್ಟಿ, ಆ ತೊಟ್ಟಿಯ ಉಪ್ಪುನೀರಿನಲ್ಲಿ ದಾರಕ್ಕೆ ಜೋತುಬಿದ್ದಿದ್ದ ಒಂದು ಹರಳು.

ಕಣ್ಣುಹರಳು ಎಂದರೆ ಈಗಿನವರಿಗೆ ಗೊತ್ತಾಗುವುದಿಲ್ಲ. ಆಗಲೂ ನಮ್ಮ ಎರಡು ಚಂದ್ರರ ಕೆಳಗೆ ಅಂಥವು ಇದ್ದದ್ದು ಹನ್ನೊಂದೇ. ಇಳಿಬಿಡುವಾಗ ಸಾಸಿವೆ ಕಾಳಿನಷ್ಟು. ಏಳು ವರ್ಷ ಅಲುಗಾಡದೆ ನಿಂತರೆ ಮುಷ್ಟಿಯಷ್ಟು. ನಡುವೆ ಒಂದು ಜೋರು ಸದ್ದಿಗೆ ನೀರು ನಡುಗಿದರೂ ಸಾಕು, ಸೀಳಿಹೋಗುತ್ತಿತ್ತು. ಬಲಿತ ಹರಳನ್ನು ನೀರಿನಿಂದ ಎತ್ತಿದ ಮೊದಲ ಸಂಜೆ ಅದು ಬೀರುವ ಬೆಳಕಿಗೆ ಕಣ್ಣಿನ ಪೊರೆ ಮಂಜಿನ ಹಾಗೆ ಕರಗಿಹೋಗುತ್ತಿತ್ತು. ಒಂದೇ ಸಂಜೆ, ಒಬ್ಬರಿಗೆ ಮಾತ್ರ. ಮಾರನೆಯ ದಿನದಿಂದ ಅದು ಬರೀ ಚೆಂದದ ದೀಪ. ಆ ಮೊದಲ ಸಂಜೆ ಬೆಳೆಸಿದವರದು ಎಂಬುದು ಪದ್ಧತಿ.

ಅಕ್ಕನ ಕಸುಬೇ ಹರಳು ಬೆಳೆಸುವುದು. ಹಲ್ಲುನೋವಿಗೊಂದು, ಹಾಲು ಕೆಡದಿರಲೊಂದು, ಹೀಗೆ ಊರಿಗೆಲ್ಲ ಸಣ್ಣಪುಟ್ಟ ಹರಳು ಬೆಳೆಸಿ ಕೊಡುತ್ತಿದ್ದವಳು, ತನ್ನ ಕಣ್ಣಿಗೇ ಪೊರೆ ಕಟ್ಟತೊಡಗಿದಾಗ ತನಗೆಂದು ಕಣ್ಣುಹರಳು ಇಟ್ಟಳು. ಎರಡು ಸಲ ಕೆಟ್ಟಿತು. ಒಮ್ಮೆ ತೊಟ್ಟಿಯ ಅಂಚಿನಿಂದ ಬೆಕ್ಕು ಹಾರಿತು. ಇನ್ನೊಮ್ಮೆ ಅಕ್ಕನೇ ತೊಟ್ಟಿಯ ಪಕ್ಕ ಕೂತು ಬಿದ್ದುಬಿದ್ದು ನಕ್ಕಳು. ತಪ್ಪು ನನ್ನದು, ಜೋಕು ಹೇಳಿದವನು ನಾನು. ಮೂರನೆಯದನ್ನು ಇಳಿಬಿಡುವಾಗ ಸೂಜಿಗೆ ದಾರ ಪೋಣಿಸುವುದಕ್ಕೂ ಅವಳಿಗೆ ಆಗುತ್ತಿರಲಿಲ್ಲ. ಇದೂ ಕೆಟ್ಟರೆ ನಾಲ್ಕನೆಯದಕ್ಕೆ ಕಣ್ಣು ಉಳಿಯುವುದಿಲ್ಲ ಎಂದು ಅವಳಿಗೂ ಗೊತ್ತಿತ್ತು, ಇಡೀ ಬೀದಿಗೂ ಗೊತ್ತಿತ್ತು.

ಭಾವ ಕಮ್ಮಾರರು. ಅವರ ಸುತ್ತಿಗೆಯ ಸದ್ದಿಗೆ ಮೂರು ಬೀದಿಯಾಚೆಯ ಕೋಳಿಗಳು ಬೆಚ್ಚಿ ಎರಡೆರಡು ಮೊಟ್ಟೆ ಇಡುತ್ತಿದ್ದವು. ಅಂಥವರು ಸುತ್ತಿಗೆಯನ್ನು ಎಣ್ಣೆಬಟ್ಟೆಯಲ್ಲಿ ಸುತ್ತಿ ಅಟ್ಟಕ್ಕೆ ಹಾಕಿ, ಏಳು ವರ್ಷ ಜನರ ಕೆಟ್ಟ ಬೀಗಗಳನ್ನು ಬಿಚ್ಚಿ ಜೋಡಿಸುತ್ತ ಕೂತರು. ಚಪ್ಪಲಿ ಹೊಲಿಯುವ ನಾನು ಎಲ್ಲರಿಗೂ ಉಣ್ಣೆಯ ಅಟ್ಟೆ ಹಾಕಿಕೊಟ್ಟೆ. ಬಾಗಿಲು ಬಡಿಯಬಾರದೆಂದು ಜನ ಚೌಕಟ್ಟಿನ ಸುತ್ತ ಬಟ್ಟೆ ತುರುಕಿದರು. ಬೀದಿಯ ಕೂಸುಗಳು ಅಳಲು ಬಾಯಿ ತೆರೆದು, ಸುತ್ತ ನೋಡಿ, ಮತ್ತೆ ಮುಚ್ಚುತ್ತಿದ್ದವು. ಜಗಳವೂ ಪಿಸುಮಾತಿನಲ್ಲೇ. ಪಿಸುಗುಟ್ಟಿ ಬೈದರೆ ಬೈಗುಳಕ್ಕೆ ರುಚಿಯೇ ಇರುವುದಿಲ್ಲ. ಅರ್ಧ ಜಗಳಗಳು ತಾವಾಗಿಯೇ ನಿಂತುಹೋದವು.

ಹರಳು ಬಲಿಯಲು ಇನ್ನು ಒಂಬತ್ತು ದಿನ ಉಳಿದಿತ್ತು. ಮಧ್ಯಾಹ್ನ ಅಕ್ಕನ ಮನೆಗೆ ಹೊರಟವನಿಗೆ ಅವಳ ಪಕ್ಕದ ಮನೆಯ, ಅಂಗಿಗೆ ಗುಂಡಿ ಹೊಲಿಯುವ ಗುಂಡಿದರ್ಜಿಯ ಬಾಗಿಲ ಸಂದಿಯಿಂದ ಮೆಲ್ಲನೆ ದನಿ ಕೇಳಿಸಿತು.

"ಯಾರಾದ್ರೂ ಇದೀರಾ? ಪುರುಸೊತ್ತಿದ್ರೆ ಸ್ವಲ್ಪ ಬನ್ನಿ."

"ಏನಯ್ಯಾ?"

"ಏನಿಲ್ಲ, ಬೆಂಕಿ ಹತ್ಕೊಂಡಿದೆ."

"ಎಲ್ಲಿ?"

"ಇಲ್ಲೇ ಒಳಗೆ. ಇಸ್ತ್ರಿಪೆಟ್ಟಿಗೆ ಬಟ್ಟೆ ಮೇಲೆ ಉರುಳಿತು. ಬಾಗಿಲು ಬೇರೆ ಕಚ್ಕೊಂಡಿದೆ."

"ಎಷ್ಟೊತ್ತಾಯ್ತು?"

"ಕಾಲು ಗಂಟೆ ಆಗಿರಬೇಕು. ಕರೀತಾನೇ ಇದೀನಿ."

"ಕೂಗೋದಲ್ವೇನೋ, ಪುಣ್ಯಾತ್ಮ!"

"ಒಂಬತ್ತೇ ದಿನ ಅಲ್ವೇನಪ್ಪಾ," ಎಂದು ದಿಂಬಿಗೆ ಮುಖ ಒತ್ತಿ ಕೆಮ್ಮಿದ.

ಚೌಕಟ್ಟಿಗೆ ತುರುಕಿದ್ದ ಬಟ್ಟೆ ಬಾಗಿಲನ್ನು ಬೆಣೆಯ ಹಾಗೆ ಹಿಡಿದುಬಿಟ್ಟಿತ್ತು. ನಾಲ್ಕು ಜನ ಭುಜ ಕೊಟ್ಟರೂ ಜಗ್ಗಲಿಲ್ಲ. ಕಿಟಕಿಗೆ ಕಬ್ಬಿಣದ ಸರಳು. ಭಾವ ಅಟ್ಟ ಹತ್ತಿ ಸುತ್ತಿಗೆ ತಂದರು, ಎತ್ತಿದರು, ಹಾಗೇ ನಿಂತರು. ಆ ಬಾಗಿಲಿಗೂ ಅಕ್ಕನ ತೊಟ್ಟಿಗೂ ನಡುವೆ ಇದ್ದದ್ದು ಒಂದೇ ಗೋಡೆ. ಒಂದು ಏಟು ಬಿದ್ದರೆ ಹರಳು ಹೋದ ಹಾಗೆಯೇ.

ಅಕ್ಕ ಗೋಡೆ ತಡಕುತ್ತ ಬಂದಳು. ಹೊಗೆಯ ವಾಸನೆ ಅವಳಿಗೆ ಎಲ್ಲವನ್ನೂ ಹೇಳಿತ್ತು.

"ರೀ, ಏನ್ ನೋಡ್ತಾ ನಿಂತಿದೀರಿ?"

"ಒಂಬತ್ತು ದಿನ ಕಣೇ..." ಎಂದರು ಭಾವ, ಎತ್ತಿದ ಸುತ್ತಿಗೆ ಇಳಿಸದೆ.

ಒಳಗಿನಿಂದ ದರ್ಜಿ ಪಿಸುಗುಟ್ಟಿದ: "ನೀವು ತಲೆ ಕೆಡಿಸ್ಕೋಬೇಡಿ ಅಕ್ಕಾ, ನಾನು ಕಿಟಕಿ ಕಡೆ ಏನಾದ್ರೂ ನೋಡ್ತೀನಿ."

"ಹೊಡೀರಿ ಅಂದೆ!"

ಏಳು ವರ್ಷ ಕೂಡಿಟ್ಟಿದ್ದ ಗಂಟಲು ಅದು. ಆ ಕೂಗಿಗೆ ಸಣ್ಣ ಚಂದ್ರ ಒಂದು ಗೇಣು ಪಕ್ಕಕ್ಕೆ ಸರಿದದ್ದು ಇನ್ನೂ ಸ್ವಸ್ಥಾನಕ್ಕೆ ಬಂದಿಲ್ಲ. ಬೇಕಾದರೆ ತಲೆ ಎತ್ತಿ ನೋಡಿಕೊಳ್ಳಿ.

ಮೂರು ಏಟು. ಬಾಗಿಲು ಹಾರಿತು. ಹುಬ್ಬು ಸುಟ್ಟುಕೊಂಡು, ದಿಂಬು ತಬ್ಬಿಕೊಂಡು ಗುಂಡಿದರ್ಜಿ ಹೊರಗೆ ಬಂದ. ನಾವು ನೀರು ಎರಚಿ ಬೆಂಕಿ ಆರಿಸುವ ಹೊತ್ತಿಗೆ ಅಕ್ಕ ಒಬ್ಬಳೇ ಹಿಂಬದಿ ಕೋಣೆಗೆ ಹೋಗಿದ್ದಳು. ಹೊರಬಂದಾಗ ಮೊಣಕೈವರೆಗೂ ಒದ್ದೆ.

"ಮೂರು ಚೂರು," ಎಂದಳು.

ದರ್ಜಿ ನೆಲದ ಮೇಲೆ ಕುಸಿದು ಅಳತೊಡಗಿದ. "ನಾನು ಇನ್ನೊಂಚೂರು ತಡ್ಕೋಬೇಕಿತ್ತು ಅಕ್ಕಾ."

"ಹೌದಪ್ಪಾ, ತಡ್ಕೋಬೇಕಿತ್ತು. ನಿನ್ನ ಬೂದಿ ನೋಡೋದಕ್ಕೆ ನಂಗೆ ಕಣ್ಣು ಬೇಕಿತ್ತು ನೋಡು!"

ಮುಂದಿನ ವರ್ಷದೊಳಗೆ ಅವಳ ನೋಟ ಪೂರ್ತಿ ಹೋಯಿತು. ಆಗ ನಮಗೊಂದು ಹೊಸ ಪೇಚು. ಏಳು ವರ್ಷದ ಅಭ್ಯಾಸ ಎಲ್ಲಿ ಹೋಗಬೇಕು? ಜನ ಸದ್ದಿಲ್ಲದೆ ಬಂದು ಪಕ್ಕದಲ್ಲಿ ನಿಲ್ಲುತ್ತಿದ್ದರು, ಅಕ್ಕ ಬೆಚ್ಚಿಬೀಳುತ್ತಿದ್ದಳು. "ದೆವ್ವಗಳ ಹಾಗೆ ಬರ್ತೀರಲ್ರೋ! ಯಾರು ಅಂತ ಹೇಗೆ ತಿಳ್ಕೊಳ್ಲಿ?" ಎಂದು ರೇಗಿದಳು. ಮಾರನೆಯ ದಿನವೇ ನಾನು ಉಣ್ಣೆಯ ಅಟ್ಟೆಗಳನ್ನೆಲ್ಲ ಕಿತ್ತೆ. ಭಾವ ಕುಲುಮೆ ಹೊತ್ತಿಸಿ ಚಪ್ಪಲಿಗಳಿಗೆ ಮನೆಗೊಂದು ಬಗೆಯ ಮೊಳೆ ಬಡಿದುಕೊಟ್ಟರು: ಒಬ್ಬರಿಗೆ ಚಪ್ಪಟೆ, ಒಬ್ಬರಿಗೆ ಗುಂಡು, ಒಬ್ಬರಿಗೆ ಒಂದೇ ಕಾಲಿಗೆ. ನಮ್ಮ ಬೀದಿ ನಡೆದರೆ ಪಕ್ಕದ ಊರಿನವರು ಸೈನ್ಯ ಬಂತೆಂದು ಕೋಟೆ ಬಾಗಿಲು ಹಾಕಿಕೊಳ್ಳುತ್ತಿದ್ದರು. ಅಕ್ಕ ಮಾತ್ರ ಒಳಗೆ ಕೂತಲ್ಲಿಂದಲೇ ಒಬ್ಬೊಬ್ಬರನ್ನೂ ಕೂಗಿ ಮಾತಾಡಿಸುತ್ತಿದ್ದಳು. ಅಕ್ಕ ಹೋಗಿ ಎಷ್ಟೋ ಕಾಲವಾಯಿತು. ಆ ಗದ್ದಲವನ್ನು ಇನ್ನೊಮ್ಮೆ ಕೇಳಬೇಕು ಎನಿಸುತ್ತದೆ.

ಅವಳಿದ್ದಾಗ ಒಂದು ದಿನ, ಅವಳನ್ನು ಏಮಾರಿಸೋಣವೆಂದು ಗುಂಡಿದರ್ಜಿಯ ಚಪ್ಪಲಿ ಮೆಟ್ಟಿಕೊಂಡು ಹೋದೆ.

"ಅವನ ಚಪ್ಪಲಿ ಯಾಕೋ ಕದ್ದೆ?" ಎಂದಳು, ತಲೆ ಕೂಡ ಎತ್ತದೆ.

"ಹೇಗೆ ಗೊತ್ತಾಯ್ತು?"

"ನೀನು ನೇರ ಅಡುಗೆಮನೆಗೆ ನುಗ್ತೀಯ. ಅವನು ಹೊಸ್ತಿಲ ಹತ್ರ ನಿಲ್ತಾನೆ ಕಣೋ. ನಾನಾಗಿ ಬಾ ಅನ್ನೋವರೆಗೂ ಒಳಗೆ ಕಾಲಿಡಲ್ಲ, ಇವತ್ತಿಗೂ."