ತಾತ ಕತ್ತರಿಸಿಟ್ಟ ಊರು

ವಿನೆಗರ್ ವಾಸನೆ ಬಂದರೆ ಇವತ್ತಿಗೂ ನನಗೆ ಊಟ ಸೇರೋಲ್ಲ. ಟೆಕ್ಸಸ್ಸಿನ ಪ್ಲೇನೋ ಊರಲ್ಲಿದ್ದ ನಮ್ಮ ಹಳೇ ಮನೆಯ ಗರಾಜು ಕಣ್ಣೆದುರು ಬಂದು ನಿಂತುಬಿಡುತ್ತೆ: ಕಾದ ಸಿಮೆಂಟು ನೆಲ, ಅಕ್ಕಿ ಮೂಟೆ, ಅಮ್ಮನ ಉಪ್ಪಿನಕಾಯಿ ಜಾಡಿ, ಅದರ ಪಕ್ಕ ತಾತನ ತಗಡಿನ ಡಬ್ಬಿ. ಆ ಮನೆಯಲ್ಲಿ ಈಗ ಇನ್ಯಾರೋ ಇದ್ದಾರೆ. ತಾತ ಇಲ್ಲ. ಮನೆ ಕಳೆದುಕೊಂಡವರಿಗೆ ನಾನು ಬಿಡಿಸಿ ಹೇಳಬೇಕಾಗಿಲ್ಲ, ಮೊದಲು ನೆನಪಾಗೋದು ಒಳ್ಳೆಯದೇ ಆಗಿರಬೇಕು ಅಂತೇನಿಲ್ಲ.

ತಾತ, ಅಂದರೆ ಅಮ್ಮನ ಅಪ್ಪ, ಸರ್ಕಾರದ ಸಿನಿಮಾ ವಿಭಾಗದಲ್ಲಿ ಡೈರೆಕ್ಟರಾಗಿದ್ದವರು. ಹೆಸರು ಕೇಳಿದವರು ಯಾರೂ ಇಲ್ಲ ಬಿಡಿ. ಸಿಡುಬಿನ ಚುಚ್ಚುಮದ್ದು, ಗೊಬ್ಬರ, ಸಣ್ಣ ಸಂಸಾರ, ಅಣೆಕಟ್ಟು, ಇವೇ ಅವರ ಚಿತ್ರಗಳು. "ಟಾಕೀಸಲ್ಲಿ ದೊಡ್ಡ ಪಿಕ್ಚರ್‌ಗೆ ಮುಂಚೆ ನಂದು ಹಾಕೋರು. ಜನ ಆಗ್ಲೇ ಕಡ್ಲೆಕಾಯಿ ತರೋಕೆ ಎದ್ದು ಹೋಗೋರು," ಅಂತ ನಗೋರು. ಅಣೆಕಟ್ಟಿನ ಚಿತ್ರ ಅಂದರೆ ಮಂತ್ರಿ ಗುಂಡಿ ಒತ್ತಬೇಕು, ನೀರು ಧುಮುಕಬೇಕು, ಜನ ನಗಬೇಕು. ನಗದವರಿದ್ದ ಫಿಲಂ ತುಂಡುಗಳನ್ನು ಕತ್ತರಿಸಿ ಎಸೆಯೋದು ಅಲ್ಲಿನ ಪದ್ಧತಿ. ತಾತ ಕತ್ತರಿಸಿದರು, ಎಸೆಯಲಿಲ್ಲ. ಅಣೆಕಟ್ಟಿನ ನೀರಲ್ಲಿ ಮುಳುಗಿದ ಒಂದು ಹಳ್ಳಿಯ ತುಂಡುಗಳನ್ನು ಅಂಟಿಸಿ, ಸುರುಳಿ ಸುತ್ತಿ, ನಮ್ಮ ಜೊತೆ ಇರೋಕೆ ಬಂದಾಗ ಟೆಕ್ಸಸ್ಸಿಗೂ ಹೊತ್ತು ತಂದರು. ಹಳೇ ಫಿಲಂ ಕೆಡುತ್ತಾ ಬಂದರೆ ವಿನೆಗರ್ ಹಾಗೆ ನಾರುತ್ತೆ. ಆ ಹುಳಿ ವಾಸನೆ ದೇವರ ಮನೆವರೆಗೂ ಬರುತ್ತೆ ಅಂತ ಅಮ್ಮನಿಗೆ ತಲೆನೋವು. ಜಾಡಿಯ ಬಾಯಿ ಕಟ್ಟೋ ಹಾಗೆ ಡಬ್ಬಿಗೆ ಬಿಗಿಯಾಗಿ ಟೇಪು ಸುತ್ತಿ ಗರಾಜಿನಲ್ಲಿಟ್ಟಳು. ಉಪ್ಪಿನಕಾಯಿಗೆ ಬೇಕಾದ ಕಾವು ಫಿಲಮ್ಮಿಗೆ ಯಮ ಅಂತ ಪಾಪ, ಅವಳಿಗೇನು ಗೊತ್ತು.

ನಾನು ಮಿಡ್ಲ್ ಸ್ಕೂಲಿನಲ್ಲಿದ್ದಾಗ, ಸಂಕ್ರಾಂತಿ ಊಟದಲ್ಲಿ ತಾತ ಆ ಹಳ್ಳಿಯ ಹೆಸರು ಹೇಳಿದ್ದೇ ತಡ, ಊಟಕ್ಕೆ ಬಂದಿದ್ದ ಗಂಗಾ ಆಂಟಿ ತಟ್ಟೆ ಕೆಳಗಿಟ್ಟುಬಿಟ್ಟರು. ಹ್ಯೂಸ್ಟನ್ನಿನ ಹಿಲ್‌ಕ್ರಾಫ್ಟ್ ಬೀದಿಯಲ್ಲಿ ಸೀರೆ ಅಂಗಡಿ ಇಟ್ಟವರು ಅವರು. "ಅದು ನಮ್ಮೂರ್ರಿ! ನಾ ಕೂಸಿದ್ದಾಗ ಮುಳುಗ್ತು. ಮುಂದ ಸ್ವಲ್ಪ ದಿನಕ್ಕ ಅವ್ವನೂ ಹೋದ್ಲು. ಆಕಿದೊಂದು ಫೋಟೋನೂ ಇಲ್ರಿ. ಸರ್ಕಾರದವ್ರು ಸಿನಿಮಾ ತೆಗೀಲಿಕ್ಕೆ ಬಂದಾಗ ಹೊಸ್ತಿಲಕ್ಕ ಅರಿಶಿಣ ಹಚ್ಚಾಕತ್ತಿದ್ಲಂತ."

ತಾತ ಗರಾಜಿನ ಕಡೆ ಕೈ ತೋರಿಸಿದರು. "ಇದಾಳಮ್ಮ. ಸೊಂಟದ ಮೇಲೆ ಮಗು. ಡಬ್ಬೀಲಿ ಇದಾಳೆ."

ಆಸ್ಟಿನ್ನಿನಲ್ಲಿ ಹಳೇ ಫಿಲಂ ಸರಿಮಾಡುವವನೊಬ್ಬ ಸಿಕ್ಕಿದ. ತಾತ, ಅಮ್ಮ, ನಾನು ಡಬ್ಬಿ ಹಿಡಿದು ಹೊರಟೆವು, ಅಪ್ಪ ಡ್ರೈವ್ ಮಾಡಿದರು. ಆಂಟಿ ಹೊಸ ಸೀರೆ ಉಟ್ಟು ಹ್ಯೂಸ್ಟನ್ನಿಂದ ನೇರ ಅಲ್ಲಿಗೇ ಬಂದಿದ್ದರು, ಅವ್ವನನ್ನು ಕಾಣೋಕೆ. ಅವನು ಟೇಪು ಬಿಚ್ಚಿದ. ಸುರುಳಿ ಬೆಲ್ಲದಚ್ಚಿನ ಹಾಗೆ ಒಂದೇ ಗಟ್ಟಿಯಾಗಿತ್ತು. ತುದಿ ಎಳೆದರೆ ಪುಡಿಪುಡಿ. ಇನ್ನೇನೂ ಮಾಡೋಕಾಗಲ್ಲ ಅಂದ. ಅಮ್ಮ ಗೋಡೆಗೆ ಮುಖ ಮಾಡಿ ಅತ್ತಳು.

ಆಂಟಿ ಅಳಲಿಲ್ಲ. ಕುರ್ಚಿ ಎಳೆದುಕೊಂಡು ತಾತನೆದುರು ಕೂತರು. "ನೀವು ಕಣ್ಣಾರೆ ನೋಡೀರಲ್ರಿ ಆಕಿನ್ನ. ನನ್ನಂಗ ಇದ್ಲೇನ್ರಿ?"

ತಾತ ಬೆರಳಿಗಂಟಿದ ಫಿಲಂ ಪುಡಿ ಒರೆಸಿಕೊಂಡರು. "ನಗಮ್ಮ, ನಗಮ್ಮ ಅಂತ ಹೇಳ್ದೆ. ನಗಲಿಲ್ಲ. ಅಷ್ಟು ನೆನಪಿದೆ. ಮುಖ... ಹೇಗಿದ್ರೂ ಫಿಲಮ್ಮಲ್ಲಿ ಬಂತಲ್ಲ ಅಂತ, ನಾನು ನೆನಪಿಟ್ಟುಕೊಳ್ಳಲಿಲ್ಲ ತಾಯಿ."

ಆಂಟಿ ಏಳಲಿಲ್ಲ. ತಾತ ಇನ್ನೊಂದು ಸಲ ನೋಡಲಿ ಅಂತ, ಮುಖವನ್ನು ಕಿಟಕಿಯ ಬೆಳಕಿಗೆ ತಿರುಗಿಸಿ ಕೂತೇ ಇದ್ದರು.